ಆಜ್ಞೆ ಮತ್ತು ಅವಜ್ಞೆ

ಕೆಲವು ವರ್ಷಗಳ ಹಿಂದೆ ಒಂದು ಸಂಜೆ, ನನಗೆ ಬಹುಕಾಲದಿಂದ ಪರಿಚಿತರಾದ ನಿವೃತ್ತ ಉಪಾಧ್ಯಾಯರೊಬ್ಬರು ಮನೆಗೆ ಬಂದರು. ಅವರ ಕೈಯಲ್ಲಿ ಎರಡು ಕಾಗದಗಳಿದ್ದವು. ಒಂದು, ಹೈಕೋರ್ಟಿನ ಆದೇಶದ ನಕಲು. ಇನ್ನೊಂದು, ಅವರ ಊರಿನ ಪುರಸಭೆಯಿಂದ ಬಂದ ಹಿಂಬರಹ. ನಿವೃತ್ತಿಯಾದಾಗ ಕೈಗೆ ಬಂದ ಹಣದಲ್ಲಿ ಅವರೊಂದು ನಿವೇಶನವನ್ನು ಕೊಂಡಿದ್ದರು. ಅದರ ಖಾತೆ ತಮ್ಮ ಹೆಸರಿಗೆ ಆಗಬೇಕೆಂದು ಅರ್ಜಿ ಹಾಕಿ ಎರಡು ವರ್ಷ ಕಾದಿದ್ದರು. ಆಗುವುದೆಂದಾಗಲಿ ಆಗದೆಂದಾಗಲಿ ಯಾರೂ ಹೇಳದೆ ಇದ್ದಾಗ ಬೇಸತ್ತು ಹೈಕೋರ್ಟಿಗೆ ರಿಟ್ ಅರ್ಜಿ ಸಲ್ಲಿಸಿದ್ದರು. ನ್ಯಾಯಾಲಯವು ಒಂದೇ ದಿನದಲ್ಲಿ ಆದೇಶ ಕೊಟ್ಟಿತ್ತು. ಆದೇಶ ಇಂಗ್ಲಿಷಿನಲ್ಲಿತ್ತು, ಕನ್ನಡದಲ್ಲಿ ಹೇಳುವುದಾದರೆ ಅದರ ತಿರುಳು ಇಷ್ಟು: ಅರ್ಜಿದಾರರ ಮನವಿಯನ್ನು ಕಾನೂನಿಗೆ ಅನುಸಾರವಾಗಿ ಪರಿಗಣಿಸಿ, ಎಂಟು ವಾರಗಳೊಳಗೆ ಸೂಕ್ತ ಆದೇಶ ಮಾಡತಕ್ಕದ್ದು.

ಆ ದಿನ ಮೇಷ್ಟ್ರು ಮನೆಮಂದಿಗೆಲ್ಲ ಮೈಸೂರುಪಾಕು ಹಂಚಿದರಂತೆ. ಏಳನೆಯ ವಾರದಲ್ಲಿ ಹಿಂಬರಹ ಬಂತು. ನಿವೇಶನವಿರುವ ಬಡಾವಣೆಯ ನಕ್ಷೆಗೆ ಅನುಮೋದನೆ ಇಲ್ಲದಿರುವುದರಿಂದ ಖಾತೆ ಮಾಡಿಕೊಡಲು ಅವಕಾಶವಿಲ್ಲ ಎಂದು ಅದರಲ್ಲಿ ಬರೆದಿತ್ತು. ಆದರೆ ಅನುಮೋದಿತ ನಕ್ಷೆಯ ಪ್ರತಿ ಮೇಷ್ಟ್ರ ಬಳಿಯಲ್ಲೇ ಇತ್ತು. ಪುರಸಭೆಯ ಮೊಹರೇ ಅದರ ಮೇಲಿತ್ತು!

“ಹೈಕೋರ್ಟ್ ಹೇಳಿದ ಮೇಲೂ ಇವರು ಹೀಗೆ ಮಾಡಬಹುದೇ? ಇದು ನ್ಯಾಯಾಂಗ ನಿಂದನೆಯಲ್ಲವೇ ಸ್ವಾಮಿ?” ಎಂದು ಅವರು ಕೇಳಿದರು.

“ಅಲ್ಲ ಮೇಷ್ಟ್ರೆ” ಎಂದು ನಾನು ಹೇಳಬೇಕಾಯಿತು. ಅವರ ಮುಖ ಬಾಡಿದ್ದು ಈಗಲೂ ನನ್ನ ಕಣ್ಣಿಗೆ ಕಟ್ಟಿದಂತಿದೆ. ಅಂದು ಅವರಿಗೆ ವಿವರಿಸಿ ಹೇಳಿದ್ದನ್ನೇ ಇಂದು ಸ್ವಲ್ಪ ವಿಸ್ತಾರವಾಗಿ ತಮ್ಮ ಮುಂದೆ ಇಡುತ್ತಿದ್ದೇನೆ. ಪುರಸಭೆ, ನಗರಸಭೆ, ಪಂಚಾಯಿತಿಗಳ ತೀರ್ಮಾನಗಳಿಂದ ನೊಂದ ಜನರ ಬಾಯಲ್ಲಿ ‘ನಿಂದನೆಯ ಕೇಸು ಹಾಕುತ್ತೇನೆ’ ಎಂಬ ಮಾತು ಪದೇ ಪದೇ ಬರುವುದನ್ನು ಕೇಳಿದ್ದೇನೆ. ಆ ಮಾತಿನಲ್ಲಿ ಆಶೆಯೂ ಇದೆ, ತಪ್ಪು ತಿಳಿವಳಿಕೆಯೂ ಇದೆ.

ತಪ್ಪು ತಿಳಿವಳಿಕೆ ಆ ಹೆಸರಿನಿಂದಲೇ ಮೊದಲಾಗುತ್ತದೆ. ನಿಂದನೆ ಎಂದೊಡನೆ ನಮಗೆ ಬೈಗುಳ ನೆನಪಾಗುತ್ತದೆ. ನ್ಯಾಯಾಧೀಶರನ್ನು ಹೀನಾಯವಾಗಿ ಆಡಿಕೊಳ್ಳುವುದು, ನ್ಯಾಯಾಲಯದ ಘನತೆಗೆ ಕುಂದು ತರುವಂತೆ ಬರೆಯುವುದು ಇವು ಆ ಮಾತಿಗೆ ಸರಿಯಾಗಿ ಹೊಂದುತ್ತವೆ. ಕೇರಳದ ಮುಖ್ಯಮಂತ್ರಿಯಾಗಿದ್ದ ಇ.ಎಂ.ಎಸ್. ನಂಬೂದಿರಿಪಾದರು ನ್ಯಾಯಾಂಗದ ವರ್ಗಸ್ವಭಾವವನ್ನು ಕುರಿತು ಆಡಿದ ಮಾತುಗಳಿಗಾಗಿ ಅವರಿಗೆ ಸಾವಿರ ರೂಪಾಯಿ ದಂಡ ಬಿತ್ತು. 1970ರಲ್ಲಿ ಸುಪ್ರೀಂ ಕೋರ್ಟು ತಪ್ಪನ್ನು ಎತ್ತಿಹಿಡಿದು ದಂಡವನ್ನು ಐವತ್ತು ರೂಪಾಯಿಗೆ ಇಳಿಸಿತು. ಆದರೆ ಇದು ನಿಂದನೆಯ ಒಂದು ಬಗೆ ಮಾತ್ರ. 1971ರ ನ್ಯಾಯಾಲಯ ನಿಂದನಾ ಕಾಯಿದೆ ಇದನ್ನು ಕ್ರಿಮಿನಲ್ ನಿಂದನೆ ಎಂದು ಕರೆದು, ಅದರ ಪಕ್ಕದಲ್ಲಿ ಸಿವಿಲ್ ನಿಂದನೆ ಎಂಬ ಮತ್ತೊಂದನ್ನು ಇರಿಸುತ್ತದೆ. ನ್ಯಾಯಾಲಯದ ತೀರ್ಪು, ಡಿಕ್ರಿ, ನಿರ್ದೇಶನ, ಆದೇಶ ಅಥವಾ ರಿಟ್ಟನ್ನು ಬೇಕೆಂದೇ ಉಲ್ಲಂಘಿಸುವುದು, ನ್ಯಾಯಾಲಯಕ್ಕೆ ಕೊಟ್ಟ ವಚನವನ್ನು ಬೇಕೆಂದೇ ಮುರಿಯುವುದು, ಇದು ಸಿವಿಲ್ ನಿಂದನೆ. ಇಲ್ಲಿ ಯಾರೂ ಯಾರನ್ನೂ ನಿಂದಿಸುವುದಿಲ್ಲ. ಮಾತಿಗೆ ಬದಲು ಮೌನವಿರುತ್ತದೆ. ಕಡತ ಮೇಜಿನ ಮೇಲೆ ಸುಮ್ಮನೆ ಮಲಗಿರುತ್ತದೆ. ನಮ್ಮ ಹಳೆಯ ಪದಗಳಲ್ಲಿ ಇದಕ್ಕೆ ಒಪ್ಪುವುದು ‘ಅವಜ್ಞೆ’. ಆಜ್ಞೆಯೊಂದಿದ್ದರೆ ತಾನೆ ಅವಜ್ಞೆ? ಏನನ್ನು ಮಾಡು ಎಂದು ಹೇಳಲಾಗಿತ್ತೆಂಬುದು ಮೊದಲು ತಿಳಿಯದೆ ಅದನ್ನು ಕಡೆಗಣಿಸಿದರೆಂದು ಹೇಳಲಾಗುವುದಿಲ್ಲ.

ಇನ್ನೊಂದು ಸೋಜಿಗವನ್ನೂ ಇಲ್ಲಿ ಹೇಳಬಹುದು. ಇಂಥ ಪ್ರಕರಣಗಳಲ್ಲಿ ಅಧಿಕಾರಿಗಳು ಸಲ್ಲಿಸುವ ಅಫಿಡವಿಟ್ಟುಗಳನ್ನು ನೋಡಬೇಕು. ಘನ ನ್ಯಾಯಾಲಯದ ಬಗೆಗೆ ಅವರಿಗಿರುವ ಪರಮ ಗೌರವ ಪುಟಪುಟದಲ್ಲಿಯೂ ತುಂಬಿ ತುಳುಕುತ್ತದೆ. ಆದರೆ ಕೆಲಸ ಮಾತ್ರ ಆಗಿರುವುದಿಲ್ಲ. ಸ್ತುತಿಯ ನೆಪದಲ್ಲಿ ನಿಂದೆ ಅಡಗಿರುವುದನ್ನು ನಮ್ಮ ಆಲಂಕಾರಿಕರು ವ್ಯಾಜಸ್ತುತಿಯ ಒಂದು ಬಗೆಯಾಗಿ ಗುರುತಿಸಿದ್ದಾರೆ. ಅದಕ್ಕೆ ಉದಾಹರಣೆ ಬೇಕಾದವರು ಕಾವ್ಯಗಳನ್ನೇ ಹುಡುಕಬೇಕಾಗಿಲ್ಲ.

ಸ್ಥಳೀಯ ಸಂಸ್ಥೆಯೊಂದು ಆಜ್ಞೆಯನ್ನು ನೇರವಾಗಿ, ಬಹಿರಂಗವಾಗಿ ಧಿಕ್ಕರಿಸಿದರೆ ಏನಾಗುತ್ತದೆ? ಇದಕ್ಕೆ ಬಹು ಪ್ರಸಿದ್ಧವಾದ ನಿದರ್ಶನ ಲಂಡನ್ನಿನದು. ನಗರದ ಪೂರ್ವಭಾಗದ ಪಾಪ್ಲರ್ ಎಂಬುದು ಹಡಗುಕಟ್ಟೆಯ ಕೂಲಿಕಾರರ ಬಡ ಬರೋ. ಮೊದಲ ಮಹಾಯುದ್ಧ ಮುಗಿದ ಮೇಲೆ ಅಲ್ಲಿ ನಿರುದ್ಯೋಗ ಹೆಚ್ಚಿತು. ಆಗಿನ ಪದ್ಧತಿಯಂತೆ ಪ್ರತಿಯೊಂದು ಬರೋ ತನ್ನ ಬಡವರ ಪರಿಹಾರದ ವೆಚ್ಚವನ್ನು ಬಹುಮಟ್ಟಿಗೆ ತಾನೇ ಹೊರಬೇಕಾಗಿತ್ತು. ಸಿರಿವಂತರ ಬರೋಗಳಲ್ಲಿ ಬಡವರು ಕಡಮೆ, ಕಂದಾಯದ ಹುಟ್ಟುವಳಿ ಹೆಚ್ಚು. ಪಾಪ್ಲರಿನಲ್ಲಿ ಎಲ್ಲವೂ ತಿರುಗುಮುರುಗು. ಇದು ಸಾಲದೆಂಬಂತೆ ಲಂಡನ್ ಕೌಂಟಿ ಕೌನ್ಸಿಲ್ ಮೊದಲಾದ ಮೇಲಿನ ಸಂಸ್ಥೆಗಳ ಪಾಲನ್ನೂ ಅದೇ ಜನರಿಂದ ವಸೂಲು ಮಾಡಿ ಕೊಡಬೇಕಾಗಿತ್ತು. 1921ರಲ್ಲಿ ಪಾಪ್ಲರ್ ಕೌನ್ಸಿಲ್ ಆ ಪಾಲಿಗಾಗಿ ಕಂದಾಯ ವಿಧಿಸುವುದಿಲ್ಲವೆಂದು ನಿರ್ಣಯಿಸಿತು. ಕೌಂಟಿ ಕೌನ್ಸಿಲ್ ಹೈಕೋರ್ಟಿಗೆ ಹೋಯಿತು. ಜುಲೈ 29ರಂದು ಕೌನ್ಸಿಲರುಗಳು ಬಿರುದಿನ ದಂಡ ಹಿಡಿದವನನ್ನು ಮುಂದಿಟ್ಟುಕೊಂಡು, ತಾವು ಹೈಕೋರ್ಟಿಗೂ ಬಹುಶಃ ಅಲ್ಲಿಂದ ಸೆರೆಮನೆಗೂ ಹೋಗುತ್ತಿದ್ದೇವೆಂದು ಬರೆದ ಪತಾಕೆಯೊಡನೆ, ಜನರ ಮೆರವಣಿಗೆಯಲ್ಲಿ ನ್ಯಾಯಾಲಯಕ್ಕೆ ನಡೆದರು. ಕಂದಾಯ ವಿಧಿಸಿ ಎಂದು ನ್ಯಾಯಾಲಯ ಆಜ್ಞೆ ಮಾಡಿತು. ಅವರು ವಿಧಿಸಲಿಲ್ಲ. ಸೆಪ್ಟೆಂಬರ್ ತಿಂಗಳಲ್ಲಿ ಮೂವತ್ತು ಮಂದಿಯನ್ನು ಸೆರೆಗೆ ಹಾಕಲಾಯಿತು. ಗಂಡಸರು ಬ್ರಿಕ್ಸ್‌ಟನ್ ಸೆರೆಮನೆಗೆ, ಐವರು ಹೆಂಗಸರು ಹಾಲೋವೇಗೆ. ಅವಧಿ ಇಷ್ಟೇ ಎಂದು ಗೊತ್ತುಮಾಡಿರಲಿಲ್ಲ; ಆಜ್ಞೆಗೆ ತಲೆಬಾಗುವವರೆಗೂ ಒಳಗೇ ಇರಬೇಕೆಂಬುದು ಅದರ ಅರ್ಥ.

ಅವರ ಮುಂದಾಳು ಜಾರ್ಜ್ ಲ್ಯಾನ್ಸ್‌ಬರಿ. ಮುಂದೆ 1932ರಿಂದ 1935ರವರೆಗೆ ಲೇಬರ್ ಪಕ್ಷದ ನಾಯಕರಾಗಿದ್ದವರು. ಸೆರೆಯಲ್ಲಿದ್ದುಕೊಂಡೇ ಅವರು ಕೌನ್ಸಿಲಿನ ಸಭೆಗಳನ್ನು ನಡೆಸಿದರು. ಹಾಲೋವೇಯಲ್ಲಿದ್ದ ಹೆಂಗಸರನ್ನು ಮೋಟಾರಿನಲ್ಲಿ ಬ್ರಿಕ್ಸ್‌ಟನ್ನಿಗೆ ಕರೆತಂದು ಸಭೆಗೆ ಕೂರಿಸುತ್ತಿದ್ದರು. ಆರು ವಾರಗಳಾದ ಮೇಲೆ, ಅಕ್ಟೋಬರ್ 12ರಂದು, ಮಾತುಕತೆಗೆ ಅನುಕೂಲವಾಗಲೆಂದು ನ್ಯಾಯಾಲಯವೇ ಅವರನ್ನು ಬಿಡುಗಡೆ ಮಾಡಿತು. ಅದೇ ವರ್ಷ ಪಾರ್ಲಿಮೆಂಟು ಬಡವರ ಪರಿಹಾರದ ಭಾರವನ್ನು ಇಡೀ ಲಂಡನ್ ಹಂಚಿಕೊಳ್ಳುವಂತೆ ಅವಸರವಾಗಿ ಕಾನೂನು ಮಾಡಿತು. ಸೆರೆವಾಸದಿಂದ ಹೊರಬಂದ ಮಿನ್ನೀ ಲ್ಯಾನ್ಸ್‌ಬರಿ, ಜಾರ್ಜರ ಸೊಸೆ, 1922ರ ಮೊದಲ ದಿನ ಮೂವತ್ತೆರಡನೆಯ ವಯಸ್ಸಿನಲ್ಲಿಯೇ ತೀರಿಕೊಂಡರು.

ಪಾಪ್ಲರಿನ ಜನ ಮಾಡಿದ್ದು ಸರಿಯೇ ತಪ್ಪೇ ಎಂಬ ಚರ್ಚೆ ಬೇರೆ. ಕಾನೂನಿನ ದೃಷ್ಟಿಯಿಂದ ಅದು ಕನ್ನಡಿಯಷ್ಟು ನಿಚ್ಚಳವಾದ ಅವಜ್ಞೆ. ಇಂಥ ಕೆಲಸ ಮಾಡಿ ಎಂಬ ಖಚಿತವಾದ ಆಜ್ಞೆಯಿತ್ತು, ಅದು ಅವರಿಗೆ ತಿಳಿದಿತ್ತು, ಮಾಡುವ ಅಧಿಕಾರ ಅವರ ಕೈಯಲ್ಲಿಯೇ ಇತ್ತು, ಮಾಡುವುದಿಲ್ಲವೆಂದು ಅವರು ಬಾಯಿಬಿಟ್ಟು ಹೇಳಿದರು. ನಾಲ್ಕೂ ಕೂಡಿ ಬಂದಿದ್ದವು. ನಮ್ಮ ಪುರಸಭೆಗಳಲ್ಲಿ ಇವು ಹೀಗೆ ಕೂಡಿ ಬರುವುದು ಬಹಳ ಅಪರೂಪ. ಮೊದಲನೆಯದಾಗಿ, ನಮ್ಮಲ್ಲಿ ಕಟಕಟೆಗೆ ಬರುವವರು ಸಾಮಾನ್ಯವಾಗಿ ಕೌನ್ಸಿಲರುಗಳಲ್ಲ. ಕಾರ್ಯಾಡಳಿತ ಯಾರ ಕೈಯಲ್ಲಿದೆಯೋ ಆ ಮುಖ್ಯಾಧಿಕಾರಿ ಅಥವಾ ಕಮಿಷನರು. ನಿರ್ಣಯ ಸಭೆಯದು, ನೋಟೀಸು ಅಧಿಕಾರಿಗೆ. ಆಜ್ಞೆ ಕುರ್ಚಿಗೆ, ಸೆರೆ ಮಾತ್ರ ಮನುಷ್ಯನಿಗೆ. ಅಷ್ಟರಲ್ಲಿ ಆ ಮನುಷ್ಯನಿಗೆ ಬೇರೆ ಊರಿಗೆ ವರ್ಗವಾಗಿರುತ್ತದೆ. ಹೊಸಬರು ಬಂದು, ಕಡತ ಈಗ ತಾನೆ ತಮ್ಮ ಗಮನಕ್ಕೆ ಬಂದಿದೆಯೆಂದು ಕಾಲಾವಕಾಶ ಬೇಡುತ್ತಾರೆ. ಎರಡನೆಯದಾಗಿ, ಮಾಡುವುದಿಲ್ಲವೆಂದು ಯಾರೂ ಹೇಳುವುದಿಲ್ಲ. ಬೇಕೆಂದೇ ಮಾಡಿದ ಉಲ್ಲಂಘನೆಯೇ ಅಥವಾ ಸೋಮಾರಿತನವೇ, ಅಚಾತುರ್ಯವೇ, ಆದೇಶದ ಅರ್ಥವನ್ನು ಬೇರೆಯಾಗಿ ಗ್ರಹಿಸಿದ್ದೇ ಎಂಬುದನ್ನು ಬಿಡಿಸಿ ನೋಡಬೇಕು. ಸೆರೆಗೆ ಕಳುಹಿಸಬಹುದಾದ ವಿಚಾರಣೆಯಾದ್ದರಿಂದ ಸಂದೇಹದ ಲಾಭ ಆಪಾದಿತನಿಗೇ ಸಲ್ಲುತ್ತದೆ.

ಹಣವಿಲ್ಲ ಎಂಬುದು ನಮ್ಮ ಸ್ಥಳೀಯ ಸಂಸ್ಥೆಗಳ ನಿತ್ಯಪಾಠ. ಅದನ್ನು ಕುರಿತು ಒಂದು ಮಾತು. ಮಧ್ಯಪ್ರದೇಶದ ರತ್ಲಾಮಿನಲ್ಲಿ ತೆರೆದ ಚರಂಡಿ, ಹೊಲಸುಗಳ ನಡುವೆ ಬದುಕುತ್ತಿದ್ದ ಒಂದು ಬೀದಿಯ ನಿವಾಸಿಗಳು ಮ್ಯಾಜಿಸ್ಟ್ರೇಟರ ಮುಂದೆ ದೂರಿತ್ತರು. ಅದು ಸುಪ್ರೀಂ ಕೋರ್ಟಿನವರೆಗೂ ಹೋಯಿತು. 1980ರಲ್ಲಿ ನ್ಯಾಯಮೂರ್ತಿ ವಿ.ಆರ್. ಕೃಷ್ಣಯ್ಯರ್ ಅವರು, ಬೊಕ್ಕಸ ಬರಿದೆಂಬ ಕಾರಣದಿಂದ ಪುರಸಭೆ ತನ್ನ ಮೂಲಭೂತ ಕರ್ತವ್ಯದಿಂದ ನುಣುಚಿಕೊಳ್ಳಲಾಗದೆಂದು ತೀರ್ಪಿತ್ತರು. ಅದು ನಿಂದನೆಯ ಪ್ರಕರಣವಲ್ಲ. ಕರ್ತವ್ಯವೇ ಇಲ್ಲವೆನ್ನುವುದಕ್ಕೆ ಬಡತನ ಕಾರಣವಾಗದು ಎಂಬುದು ಅಲ್ಲಿಯ ಮಾತು. ನಿಜವಾಗಿಯೂ ಮಾಡಲಸಾಧ್ಯವಾದುದನ್ನು ಮಾಡಲಿಲ್ಲವೆಂದು ಒಬ್ಬ ಅಧಿಕಾರಿಯನ್ನು ಸೆರೆಗೆ ಹಾಕಬಹುದೇ ಎಂಬುದು ಬೇರೆ ಪ್ರಶ್ನೆ. ಅದಕ್ಕೆ ಉತ್ತರ ಇಲ್ಲವೆಂದೇ.

ಹಾಗಾದರೆ ಈ ಅಸ್ತ್ರ ನಮ್ಮಲ್ಲಿ ಮೊಂಡಾಗಿದೆಯೇ? ಇಲ್ಲ. ನಮ್ಮ ರಾಜಧಾನಿಯದೇ ಒಂದು ಪ್ರಸಂಗವಿದೆ. ಬೆಂಗಳೂರು ನಗರಪಾಲಿಕೆಯ ಎಂಜಿನಿಯರೊಬ್ಬರ ಬಡ್ತಿಯ ಹಕ್ಕು ನ್ಯಾಯಾಲಯದಲ್ಲಿ ಅಂತಿಮವಾಗಿ ತೀರ್ಮಾನವಾಗಿತ್ತು. ಆದರೂ ಸರ್ಕಾರ ನಿಯಮಗಳನ್ನು ಮತ್ತೆ ಮತ್ತೆ ತೆಗೆದು ತೋರಿಸಿ ಆ ತೀರ್ಮಾನವನ್ನು ಕಾರ್ಯಗತ ಮಾಡಲಿಲ್ಲ. 1995ರಲ್ಲಿ ಸುಪ್ರೀಂ ಕೋರ್ಟು ರಾಜ್ಯದ ವಸತಿ ಮತ್ತು ನಗರಾಭಿವೃದ್ಧಿ ಇಲಾಖೆಯ ಕಾರ್ಯದರ್ಶಿಯಾಗಿದ್ದ ಹಿರಿಯ ಐ.ಎ.ಎಸ್. ಅಧಿಕಾರಿಗೆ ಒಂದು ತಿಂಗಳ ಸಾದಾ ಸಜೆ ವಿಧಿಸಿತು. ಹಕ್ಕು ಒಮ್ಮೆ ನಿರ್ಣಯವಾಗಿ ಅಂತಿಮವಾದ ಮೇಲೆ ಅಧಿಕಾರಿಯು ಆದೇಶದ ಹಿಂದಕ್ಕೆ ಹೋಗಿ, ನಿಯಮಗಳ ಮರೆಯಲ್ಲಿ ಅದರ ಫಲವನ್ನು ಮೊಟಕುಗೊಳಿಸುವಂತಿಲ್ಲ ಎಂಬುದು ಅಲ್ಲಿಯ ಸಾರ. ಪಾಪ್ಲರಿನಂತೆ ಇಲ್ಲಿಯೂ ಏನು ಮಾಡಬೇಕೆಂಬುದು ಖಚಿತವಾಗಿತ್ತು. ವಿವೇಚನೆಗೆ ಏನೂ ಉಳಿದಿರಲಿಲ್ಲ.

ಅದಾದ ಮರುವರ್ಷ, 1996ರಲ್ಲಿ, ಅದೇ ಸುಪ್ರೀಂ ಕೋರ್ಟು ರಾಜಸ್ಥಾನದ ಒಂದು ಪ್ರಕರಣದಲ್ಲಿ ನಾಣ್ಯದ ಇನ್ನೊಂದು ಮುಖವನ್ನು ತೋರಿಸಿತು. ನ್ಯಾಯಾಲಯದ ನಿರ್ದೇಶನದ ಮೇರೆಗೆ ಸರ್ಕಾರ ನೌಕರರ ಜ್ಯೇಷ್ಠತಾ ಪಟ್ಟಿಯನ್ನು ಹೊಸದಾಗಿ ಸಿದ್ಧಪಡಿಸಿತ್ತು. ಪಟ್ಟಿ ತಪ್ಪಾಗಿದೆ, ಆದ್ದರಿಂದ ನಿಂದನೆಯಾಗಿದೆ ಎಂದು ದೂರು. ನ್ಯಾಯಾಲಯ ಹೇಳಿದ್ದು ಇದು: ನಿರ್ದೇಶನಕ್ಕೆ ಅನುಗುಣವಾಗಿ ಅಧಿಕಾರಿ ಒಮ್ಮೆ ಆದೇಶ ಮಾಡಿದ ಮೇಲೆ ಆ ಆದೇಶ ಸರಿಯಿರಬಹುದು, ತಪ್ಪಿರಬಹುದು, ತಪ್ಪಾಗಿದ್ದರೆ ಅದನ್ನು ಪ್ರಶ್ನಿಸಲು ಹೊಸ ಕಾರಣ ಹುಟ್ಟುತ್ತದೆ. ಆದರೆ ಅದರ ಗುಣದೋಷಗಳನ್ನು ನಿಂದನೆಯ ವಿಚಾರಣೆಯಲ್ಲಿ ತೂಗಿ ನೋಡಲಾಗದು. ತಪ್ಪು ತೀರ್ಮಾನವೇ ಬೇರೆ, ಅವಜ್ಞೆಯೇ ಬೇರೆ. ನಿಂದನೆಯ ಅರ್ಜಿ ಮೇಲ್ಮನವಿಯ ವೇಷ ತೊಡುವಂತಿಲ್ಲ.

ಇಷ್ಟು ಹೇಳಿದ ಮೇಲೆ ಮೇಷ್ಟ್ರ ಆದೇಶದಲ್ಲಿದ್ದ ಆ ಒಂದು ಪದಕ್ಕೆ ಬರಬೇಕು: ಪರಿಗಣಿಸು. ನಮ್ಮ ಹೈಕೋರ್ಟುಗಳಿಂದ ಹೊರಡುವ ಆದೇಶಗಳಲ್ಲಿ ಇಷ್ಟು ಸಾಧುವಾಗಿ ಕಾಣುವ, ಇಷ್ಟು ಜನರನ್ನು ನಿರಾಶೆಗೊಳಿಸುವ ಇನ್ನೊಂದು ಪದ ನನಗೆ ಕಂಡಿಲ್ಲ. 2006ರಲ್ಲಿ ಸುಪ್ರೀಂ ಕೋರ್ಟಿನ ನ್ಯಾಯಮೂರ್ತಿ ಆರ್.ವಿ. ರವೀಂದ್ರನ್ ಅವರು ಆಂಧ್ರ ಪ್ರದೇಶದ ರಸ್ತೆ ಸಾರಿಗೆ ಸಂಸ್ಥೆಯ ಒಂದು ಪ್ರಕರಣದಲ್ಲಿ ಈ ಪದವನ್ನು ಒಬ್ಬ ವೈಯಾಕರಣನ ಸಹನೆಯಿಂದ ಬಿಡಿಸಿಟ್ಟಿದ್ದಾರೆ. ಸುಪ್ರೀಂ ಕೋರ್ಟಿಗೆ ಹೋಗುವ ಮುನ್ನ ಅವರು ಕರ್ನಾಟಕದ ಹೈಕೋರ್ಟಿನಲ್ಲಿಯೇ ನ್ಯಾಯಮೂರ್ತಿಗಳಾಗಿದ್ದವರು. ಇಂಥ ಅರ್ಜಿಗಳ ರಾಶಿಯನ್ನು ಹತ್ತಿರದಿಂದ ಕಂಡವರು. ನ್ಯಾಯಾಲಯವು ವಿವಾದವನ್ನು ತಾನೇ ಪರಿಶೀಲಿಸಿ, ಅಧಿಕಾರಿಯ ತಪ್ಪು ಇಂಥಲ್ಲಿದೆಯೆಂದು ತೋರಿಸಿ, ಆ ಬೆಳಕಿನಲ್ಲಿ ಪರಿಗಣಿಸು ಎಂದರೆ ಒಂದು ಅರ್ಥ. ಗುಣದೋಷಕ್ಕೆ ಕೈಹಾಕದೆ, ಉತ್ತರ ಕೊಡದೆ ಕೂತಿರುವ ಅಧಿಕಾರಿಯನ್ನು ಎಚ್ಚರಿಸಲು ಪರಿಗಣಿಸು ಎಂದರೆ ಮತ್ತೊಂದು ಅರ್ಥ. ಎರಡನೆಯದರಲ್ಲಿ ಅರ್ಜಿದಾರನ ಹಕ್ಕನ್ನು ಕುರಿತು ಒಂದು ಅಕ್ಷರವೂ ತೀರ್ಮಾನವಾಗಿರುವುದಿಲ್ಲ. ಉತ್ತರ ಕೊಡು ಎಂದಷ್ಟೇ ಆಜ್ಞೆ. ‘ಇಲ್ಲ’ ಎಂಬುದೂ ಉತ್ತರವೇ.

ಇದರ ದುರುಪಯೋಗ ಇನ್ನೊಂದು ದಿಕ್ಕಿನಿಂದಲೂ ಆಗುತ್ತದೆಂಬುದನ್ನು ಆ ತೀರ್ಪು ಮರೆಮಾಚುವುದಿಲ್ಲ. ಕಾಲ ಮೀರಿದ, ಕೊಡಬಾರದ ಬೇಡಿಕೆಯೊಂದನ್ನು ಹಿಡಿದು ಒಬ್ಬನು ನ್ಯಾಯಾಲಯಕ್ಕೆ ಹೋಗಿ, ತನ್ನ ಮನವಿಯನ್ನು ಪರಿಗಣಿಸಲು ಹೇಳಿದರೆ ಸಾಕೆಂದು ನಿರುಪದ್ರವಿಯಂತೆ ಕೇಳುತ್ತಾನೆ. ಆದೇಶ ಸಿಗುತ್ತದೆ. ಅವನೊಡನೆ ಒಳಗಿಂದೊಳಗೆ ಹೊಂದಿಕೊಂಡಿರುವ ಅಧಿಕಾರಿ, ನ್ಯಾಯಾಲಯವೇ ಹೇಳಿದೆಯಲ್ಲ ಎಂದು ಅದರ ಹಿಂದೆ ಅಡಗಿಕೊಂಡು ಬೇಡಿಕೆಯನ್ನು ಮಂಜೂರು ಮಾಡಿಬಿಡುತ್ತಾನೆ. ಒಂದೇ ಪದ, ಅರ್ಹನಾದ ಮೇಷ್ಟ್ರಿಗೆ ಇಲ್ಲವೆನ್ನಲೂ ಅನರ್ಹನಿಗೆ ಹೌದೆನ್ನಲೂ ಒದಗುತ್ತದೆ!

ನಿಂದನೆಯ ಭಯಕ್ಕೂ ಒಂದು ಮಿತಿ ಬೇಕೆಂಬ ಮಾತು ಈಚೆಗೆ ಬಲವಾಗಿದೆ. ಅಧಿಕಾರಿಗಳನ್ನು ಮಾತುಮಾತಿಗೆ ಖುದ್ದು ಹಾಜರಾಗಿ ಎಂದು ಕರೆಸುವುದು, ಅವರ ಉಡುಪನ್ನು ಕುರಿತು ಟೀಕಿಸುವುದು ಸಲ್ಲದೆಂದು 2024ರ ಜನವರಿಯಲ್ಲಿ ಸುಪ್ರೀಂ ಕೋರ್ಟು ಹೈಕೋರ್ಟುಗಳಿಗೆ ಕಾರ್ಯವಿಧಾನವೊಂದನ್ನು ಹಾಕಿಕೊಟ್ಟಿತು. ಇದು ಸರಿಯೆಂದೇ ನನ್ನ ಭಾವನೆ. ಒಬ್ಬ ಕಮಿಷನರು ದಿನವಿಡೀ ನ್ಯಾಯಾಲಯದ ಬೆಂಚಿನ ಮೇಲೆ ಕೂತಿದ್ದರೆ ಅಂದು ಅವರ ಕಚೇರಿಗೆ ಬಂದ ನೂರಾರು ಮಂದಿ ಬರಿಗೈಯಲ್ಲಿ ಹಿಂದಿರುಗುತ್ತಾರೆ. ಆದರೆ ಅದೇ ವರ್ಷದ ನವೆಂಬರ್ 13ರಂದು ಅದೇ ನ್ಯಾಯಾಲಯ ಕಟ್ಟಡ ಕೆಡಹುವ ಪ್ರಕರಣಗಳಲ್ಲಿ ಬೇರೆ ದನಿಯಲ್ಲಿ ಮಾತನಾಡಿತು. ಹದಿನೈದು ದಿನಗಳ ನೋಟೀಸು ಕೊಡದೆ, ಮಾಲೀಕನ ಮಾತನ್ನು ಕೇಳದೆ ಸ್ಥಳೀಯ ಸಂಸ್ಥೆ ಯಾರ ಮನೆಯನ್ನೂ ಕೆಡಹುವಂತಿಲ್ಲ. ಮೀರಿದರೆ ನಿಂದನೆಯ ಕ್ರಮವಲ್ಲದೆ, ಕೆಡಹಿದ್ದನ್ನು ಕಟ್ಟಿಸಿಕೊಡುವ ವೆಚ್ಚವೂ ಅಧಿಕಾರಿಯ ಸ್ವಂತ ಜೇಬಿನಿಂದ ಬರಬೇಕು. ರಸ್ತೆ, ಕಾಲುದಾರಿಗಳಂಥ ಸಾರ್ವಜನಿಕ ಸ್ಥಳಗಳ ಒತ್ತುವರಿಗೆ ಈ ರಕ್ಷಣೆ ಇಲ್ಲ. ಖಾತೆ ತಡವಾದರೆ ಸಹಿಸಬಹುದು, ಬಿದ್ದ ಮನೆ ಹಿಂಬರಹದಿಂದ ಮೇಲೇಳುವುದಿಲ್ಲ. ಎರಡು ದನಿಗಳಿಗೆ ಕಾರಣ ಇದೇ ಇರಬೇಕೆಂದು ನನಗೆ ತೋರುತ್ತದೆ.

ಉಪಯೋಗಕ್ಕೆ ಬರಬಹುದಾದ ಕೆಲವು ವಿವರಗಳನ್ನೂ ಹೇಳಿಬಿಡುತ್ತೇನೆ. ನಿಂದನೆಗೆ ಗರಿಷ್ಠ ಶಿಕ್ಷೆ ಆರು ತಿಂಗಳ ಸಾದಾ ಸಜೆ, ಎರಡು ಸಾವಿರ ರೂಪಾಯಿ ದಂಡ, ಅಥವಾ ಎರಡೂ. 1926ರ ಕಾಯಿದೆಯಲ್ಲಿದ್ದ ಮೊತ್ತವೇ ಇದು. ರೂಪಾಯಿಯ ಬೆಲೆ ಎಲ್ಲಿಂದೆಲ್ಲಿಗೋ ಇಳಿದರೂ ದಂಡ ಏರಿಲ್ಲ. ನ್ಯಾಯಾಲಯಕ್ಕೆ ತೃಪ್ತಿಯಾಗುವಂತೆ ಕ್ಷಮೆ ಬೇಡಿದರೆ ಬಿಟ್ಟುಬಿಡಬಹುದು. ಬಹುಪಾಲು ಪ್ರಕರಣಗಳು ಮುಗಿಯುವುದೇ ಅಲ್ಲಿ, ಅಥವಾ ನೋಟೀಸು ತಲಪಿದೊಡನೆ ಕಚೇರಿಯಲ್ಲಿ ಕೆಲಸ ಆಗಿಬಿಡುವುದರಲ್ಲಿ. ತಪ್ಪು ನಡೆದ ದಿನದಿಂದ ಒಂದು ವರ್ಷ ಕಳೆದ ಮೇಲೆ ನ್ಯಾಯಾಲಯ ಕ್ರಮಕ್ಕೆ ತೊಡಗುವಂತಿಲ್ಲ. ಉತ್ತರಕ್ಕಾಗಿ ಸುಮ್ಮನೆ ಕಾಯುವ ಸಜ್ಜನರು ಇದನ್ನು ನೆನಪಿಡಬೇಕು. ಪುರಸಭೆ ಮೇಲ್ಮನವಿ ಹಾಕಿದೆಯೆಂದ ಮಾತ್ರಕ್ಕೆ ಆಜ್ಞೆ ನಿಂತುಹೋಗುವುದಿಲ್ಲ; ತಡೆಯಾಜ್ಞೆ ಸಿಕ್ಕಿರಬೇಕು. ಊರಿನ ಸಿವಿಲ್ ನ್ಯಾಯಾಲಯವೇ ಕೊಟ್ಟ ತಾತ್ಕಾಲಿಕ ಪ್ರತಿಬಂಧಕಾಜ್ಞೆಯನ್ನು ಮೀರಿದ್ದರೆ ಹೈಕೋರ್ಟಿಗೆ ಓಡಬೇಕಾಗಿಲ್ಲ. ಸಿವಿಲ್ ಪ್ರಕ್ರಿಯಾ ಸಂಹಿತೆಯ 39ನೆಯ ಆರ್ಡರಿನಂತೆ ಆ ನ್ಯಾಯಾಲಯವೇ ಆಸ್ತಿಯನ್ನು ಜಪ್ತಿ ಮಾಡಬಹುದು, ಮೂರು ತಿಂಗಳವರೆಗೆ ಸಿವಿಲ್ ಸೆರೆಯಲ್ಲಿ ಇಡಿಸಬಹುದು. ಇನ್ನೊಂದನ್ನು ಮರೆಯಬಾರದು. ನಿಂದನೆಯ ವಿಚಾರಣೆ ನ್ಯಾಯಾಲಯಕ್ಕೂ ಅಪರಾಧಿಗೂ ನಡುವಿನದು; ದೂರು ಕೊಟ್ಟವನು ಸುದ್ದಿ ಮುಟ್ಟಿಸಿದವನು ಮಾತ್ರ. ಮುಖ್ಯಾಧಿಕಾರಿ ಒಂದು ತಿಂಗಳು ಸೆರೆಗೆ ಹೋಗಿ ಬಂದರೂ ಮೇಷ್ಟ್ರ ಖಾತೆ ಅಷ್ಟರಿಂದಲೇ ಆಗಿಬಿಡುವುದಿಲ್ಲ.

ಈ ಕೊನೆಯ ಮಾತನ್ನು ಹೇಳಿದಾಗ ಮೇಷ್ಟ್ರು ಬಹಳ ಹೊತ್ತು ಸುಮ್ಮನಿದ್ದರು. ಆಮೇಲೆ, “ನನಗೆ ಅವರನ್ನು ಜೈಲಿಗೆ ಹಾಕಿಸಬೇಕೆಂದೇನೂ ಇಲ್ಲ. ಅವರಲ್ಲೊಬ್ಬ ನನ್ನ ಶಿಷ್ಯನೇ” ಎಂದರು. ಹಿಂಬರಹದ ಕಾಗದವನ್ನು ಮಡಿಸಿ ಚೀಲಕ್ಕೆ ಹಾಕಿಕೊಂಡು, ಇದನ್ನು ಪ್ರಶ್ನಿಸಲು ಏನು ಮಾಡಬೇಕೆಂದು ಕೇಳಿದರು. ಹಿಂಬರಹವೇ ಹೊಸ ವ್ಯಾಜ್ಯಕ್ಕೆ ಕಾರಣ. ಅದನ್ನು ರದ್ದುಪಡಿಸಿ ಎಂದು ಬೇರೆ ರಿಟ್ ಅರ್ಜಿ ಹಾಕಬೇಕು, ಅನುಮೋದಿತ ನಕ್ಷೆಯ ಪ್ರತಿಯನ್ನು ಜೊತೆಗಿಡಬೇಕು ಎಂದೆ. ಮತ್ತೆ ಬೆಂಗಳೂರು, ಮತ್ತೆ ಖರ್ಚು, ಮತ್ತೆ ಕಾಯುವುದು. ಅವರಿಗೆ ಆಗ ಎಪ್ಪತ್ತೊಂದು ವರ್ಷ.

ಒಂದು ತಿಂಗಳಾದ ಮೇಲೆ ಅವರು ಮತ್ತೆ ಬಂದರು. ಹೊಸ ಅರ್ಜಿಯ ಕರಡನ್ನು ವಕೀಲರಿಂದ ಕೇಳಿ ತಂದಿದ್ದರು. ಇಂಗ್ಲಿಷ್ ವ್ಯಾಕರಣವನ್ನು ಮೂವತ್ತು ವರ್ಷ ಬೋಧಿಸಿದ ಕೈ. ಪ್ರಾರ್ಥನೆಯ ಭಾಗದಲ್ಲಿ ಒಂದು ಕ್ರಿಯಾಪದವನ್ನು ಕೆಂಪು ಶಾಯಿಯಲ್ಲಿ ಹೊಡೆದುಹಾಕಿ, ಅದರ ಮೇಲೆ ದುಂಡಾದ ಅಕ್ಷರಗಳಲ್ಲಿ ‘ಖಾತೆ ಮಾಡಿಕೊಡಲು’ ಎಂಬರ್ಥ ಬರುವ ಮಾತನ್ನು ತಾವೇ ಬರೆದಿದ್ದರು.